ಬೀಜಿಂಗಿನ ಕೋಟೆಗೋಡೆಯ ಮೇಲೆ ಒಂದು ದನಿ

ಈಗ ನೀವು ಕೇಳಿದ ಹಾಡಿನ ಹೆಸರು 'ಯೆ ಲಾಯ್ ಷಿಯಾಂಗ್'. ರಾತ್ರಿ ಹೊತ್ತು ಬರುವ ಕಂಪು ಎಂದರ್ಥ, ಒಂದು ಹೂವಿನ ಹೆಸರೂ ಹೌದು. 1944ರಲ್ಲಿ ಶಾಂಘೈಯಲ್ಲಿ ಬಂದ ಹಾಡು ಇದು. ಬರೆದು ಸ್ವರ ಹಾಕಿದವರು ಲಿ ಜಿಂಗುವಾಂಗ್, ಹಾಡಿದವರು ಲಿ ಷಿಯಾಂಗ್‌ಲಾನ್. ಹಾಡು ಮುಗಿದಾಗ ಮುಂದಿನ ಸಾಲಿನಲ್ಲಿ ಯಾರೋ 'ಎಷ್ಟು ಇಂಪು' ಅಂದದ್ದು ನನಗೂ ಕೇಳಿಸಿತು. ಆ ಮಾತಿನಿಂದಲೇ ಶುರು ಮಾಡುತ್ತೇನೆ. ಇಂಪು ನಿಜ. ಆದರೆ ಮರುವರ್ಷ ಮುಗಿಯುವ ಹೊತ್ತಿಗೆ ಈ ಹಾಡುಗಾರ್ತಿಯನ್ನು ದೇಶದ್ರೋಹಕ್ಕಾಗಿ ಗುಂಡಿಟ್ಟು ಕೊಲ್ಲುತ್ತಾರಂತೆ ಎಂದು ಅದೇ ಶಾಂಘೈಯ ಪತ್ರಿಕೆಗಳು ಬರೆದವು. ಜಾಗವನ್ನೂ ಹೇಳಿದ್ದವು: ಊರಿನ ಕುದುರೆ ರೇಸಿನ ಮೈದಾನ. ಕೊನೆಗೆ ಆಕೆಯ ಜೀವ ಉಳಿಸಿದ್ದು ಒಂದೇ ಒಂದು ಕಾಗದ. ಆಕೆ ಚೀನೀಯಳೇ ಅಲ್ಲ, ಜಪಾನಿ ಎಂದು ಆ ಕಾಗದದಲ್ಲಿ ಬರೆದಿತ್ತು.

ಹುಟ್ಟಿದಾಗ ಇಟ್ಟ ಹೆಸರು ಯಮಾಗುಚಿ ಯೋಶಿಕೊ. ಜಪಾನಿನಲ್ಲಿ ಮನೆತನದ ಹೆಸರು ಮೊದಲು ಬರುತ್ತದೆ, ಹಾಗೇ ಹೇಳುತ್ತೇನೆ. ಹುಟ್ಟಿದ್ದು 1920ರ ಫೆಬ್ರವರಿ 12, ಜಪಾನಿನಲ್ಲಲ್ಲ, ಮಂಚೂರಿಯಾದಲ್ಲಿ, ಅಂದರೆ ಇವತ್ತಿನ ಚೀನಾದ ಈಶಾನ್ಯ ಭಾಗದಲ್ಲಿ. ತಂದೆಗೆ ದಕ್ಷಿಣ ಮಂಚೂರಿಯಾ ರೈಲ್ವೆಯ ನೌಕರರಿಗೆ ಚೀನೀ ಭಾಷೆ ಕಲಿಸುವ ಕೆಲಸ. ಹೆಸರಿಗೆ ರೈಲ್ವೆ ಕಂಪನಿಯಾದರೂ ಅದಕ್ಕೆ ಗಣಿಗಳಿದ್ದವು, ಹೋಟೆಲುಗಳಿದ್ದವು. ಜಪಾನಿನ ಸಾಮ್ರಾಜ್ಯ ಆ ಹಳಿಗಳ ಮೇಲೆಯೇ ಚೀನಾದೊಳಕ್ಕೆ ಬಂತು. ಯೋಶಿಕೊ ಬೆಳೆದದ್ದು ಫುಶುನ್ ಎಂಬ ಕಲ್ಲಿದ್ದಲ ಗಣಿಯ ಊರಿನಲ್ಲಿ. ತಂದೆ ಚೀನಾದ ಭಾಷೆಯನ್ನೂ ಜನರನ್ನೂ ಮನಸಾರೆ ಇಷ್ಟಪಟ್ಟವರು. ಮಗಳಿಗೆ ಬೀಜಿಂಗಿನ ಉಚ್ಚಾರದ ಚೀನೀ ಮಾತನ್ನು ತಾವೇ ಕಲಿಸಿದರು.

1931ರ ಸೆಪ್ಟೆಂಬರಿನಲ್ಲಿ ಜಪಾನೀ ಸೈನ್ಯ ಮಂಚೂರಿಯಾವನ್ನು ಹಿಡಿಯಲು ಹೊರಟಿತು. ಮರುವರ್ಷ ಅಲ್ಲಿ ಮಂಚುಕುವೊ ಎಂಬ, ಜಪಾನ್ ಆಡಿಸಿದಂತೆ ಆಡುವ ಬೊಂಬೆ ರಾಜ್ಯ ಎದ್ದು ನಿಂತಿತು. 1932ರ ಸೆಪ್ಟೆಂಬರಿನಲ್ಲಿ ಚೀನೀ ಪ್ರತಿರೋಧ ಪಡೆ ಫುಶುನ್ ಗಣಿಯ ಮೇಲೆ ದಾಳಿ ಮಾಡಿತು. ಅದಕ್ಕೆ ಸೇಡಾಗಿ ಜಪಾನೀ ಸೈನಿಕರು ಪಕ್ಕದ ಪಿಂಗ್‌ಡಿಂಗ್‌ಷಾನ್ ಹಳ್ಳಿಯ ಜನರನ್ನು ಗಂಡು, ಹೆಣ್ಣು, ಮಕ್ಕಳೆನ್ನದೆ ಒಂದೆಡೆ ಸೇರಿಸಿ ಕೊಂದರು. ಹಳ್ಳಿಯಲ್ಲಿ ಏನಾಯಿತೆಂಬುದು ಹನ್ನೆರಡು ವರ್ಷದ ಯೋಶಿಕೊಗೆ ಆಗ ಗೊತ್ತಾಗಲಿಲ್ಲ. ಆದರೆ ಮನೆಯ ಕಿಟಕಿಯಿಂದ ಒಂದು ದೃಶ್ಯ ಕಂಡಿತು. ಒಬ್ಬ ಚೀನೀ ಮನುಷ್ಯನನ್ನು ಮರಕ್ಕೆ ಕಟ್ಟಿ ವಿಚಾರಣೆ ನಡೆಸಿದ್ದರು, ಹೊಡೆಯುತ್ತಿದ್ದರು, ಆತ ಅಲ್ಲೇ ಸತ್ತ. ಅರವತ್ತೇಳನೆಯ ವಯಸ್ಸಿನಲ್ಲಿ ಆತ್ಮಕಥೆ ಬರೆಯುವಾಗಲೂ ಆ ನೆನಪು ಅವರನ್ನು ಬಿಟ್ಟಿರಲಿಲ್ಲ. ಇದನ್ನು ಮನಸ್ಸಿನಲ್ಲಿಟ್ಟುಕೊಳ್ಳಿ. ಮುಂದೆ ಇದೇ ಹುಡುಗಿ ಪರದೆಯ ಮೇಲೆ ನಗುನಗುತ್ತಾ ಜಪಾನೀ ಗಂಡಸರನ್ನು ಪ್ರೀತಿಸುವ ಚೀನೀ ಹೆಣ್ಣಾಗುತ್ತಾಳೆ.

ಆ ಘಟನೆಯ ನಂತರ ತಂದೆಯ ಮೇಲೂ ಅನುಮಾನ ಬಂತು. ಚೀನೀಯರ ಜತೆ ಇಷ್ಟು ಒಡನಾಟ ಏಕೆ ಎಂದು ಜಪಾನೀ ಅಧಿಕಾರಿಗಳು ಕೇಳಿದರು. ಸಂಸಾರ ಮುಕ್‌ಡೆನ್ ನಗರಕ್ಕೆ, ಇವತ್ತಿನ ಶೆನ್‌ಯಾಂಗಿಗೆ ಬಂತು. ಅಲ್ಲಿ ತಂದೆಯ ಗೆಳೆಯರಾಗಿದ್ದ ಲಿ ಜಿಚುನ್ ಎಂಬ ಚೀನೀ ಸೇನಾನಿ ಯೋಶಿಕೊಳನ್ನು ಶಾಸ್ತ್ರಕ್ಕೆ ದತ್ತು ತೆಗೆದುಕೊಂಡರು. ಎರಡು ಮನೆಗಳ ಸ್ನೇಹ ಗಟ್ಟಿಯಾಗಲಿ ಎಂದು ಒಬ್ಬರ ಮಕ್ಕಳನ್ನು ಇನ್ನೊಬ್ಬರು ಹೆಸರಿಗೆ ಮಗಳೆಂದೋ ಮಗನೆಂದೋ ಒಪ್ಪಿಕೊಳ್ಳುವುದು ಆ ಸೀಮೆಯ ಪದ್ಧತಿ. ಹಾಗೆ ಬಂದ ಹೆಸರು ಲಿ ಷಿಯಾಂಗ್‌ಲಾನ್. ಷಿಯಾಂಗ್‌ಲಾನ್ ಅಂದರೆ ಪರಿಮಳದ ಆರ್ಕಿಡ್. ಅದೇ ಮೂರು ಅಕ್ಷರಗಳನ್ನು ಜಪಾನೀಯರು ತಮ್ಮ ರೀತಿಯಲ್ಲಿ ಓದಿದರೆ ರಿ ಕೋರಾನ್ ಆಗುತ್ತದೆ. ಬರವಣಿಗೆ ಒಂದೇ, ಓದುವ ಬಾಯಿ ಎರಡು. ಮೋಸ ಮಾಡುವ ಉದ್ದೇಶ ಅವತ್ತು ಯಾರಿಗೂ ಇರಲಿಲ್ಲ. ಎರಡು ಮನೆಯವರು ಪ್ರೀತಿಯಿಂದ ಇಟ್ಟ ಹೆಸರು ಅದು. ಆಮೇಲೆ ಅದನ್ನು ಬಳಸಿಕೊಂಡವರು ಬೇರೆಯವರು.

ಹಾಡಿಗೆ ಬರೋಣ. ಹುಡುಗಿಗೆ ಶ್ವಾಸಕೋಶದ ಕಾಯಿಲೆ, ಕ್ಷಯದ ಲಕ್ಷಣ. ಲ್ಯೂಬಾ ಎಂಬ ರಷ್ಯನ್ ಯೆಹೂದಿ ಗೆಳತಿಯೊಬ್ಬಳಿದ್ದಳು. ಹಾಡು ಕಲಿ, ಉಸಿರಾಟ ಸುಧಾರಿಸುತ್ತದೆ ಎಂದು ಅವಳೇ ಸಲಹೆ ಕೊಟ್ಟು, ಮದಾಮ್ ಪೊದ್ರೆಸೋವ್ ಎಂಬ ಒಪೆರಾ ಗಾಯಕಿಯ ಮನೆಗೆ ಕರೆದುಕೊಂಡು ಹೋದಳು. ಲ್ಯೂಬಾಳ ಹೆಸರು ಮರೆಯಬೇಡಿ, ಅವಳು ಮತ್ತೆ ಬರುತ್ತಾಳೆ. ಈಗ ಕೇಳಿದ ಹಾಡಿನ ಕೊನೆಯನ್ನು ನೆನಪು ಮಾಡಿಕೊಳ್ಳಿ: ದನಿ ಮೇಲಕ್ಕೆ ಹೋಗಿ ಅಲ್ಲೇ ನಿಲ್ಲುತ್ತದಲ್ಲ, ನಡುಗದೆ, ಹೊಟ್ಟೆಯ ಬುಡದಿಂದ ಬಂದ ಉಸಿರಿನ ಮೇಲೆ? ಅದು ಆ ರಷ್ಯನ್ ಶಿಕ್ಷಣ. ಅದೇ ಕಾಲದ ಶಾಂಘೈಯ ಮಹಾತಾರೆ ಝೌ ಷುವಾನ್ ಅವರ ದನಿ ತೆಳು, ಮೈಕಿಗೆ ಬಾಯಿ ಹಚ್ಚಿ ಪಿಸುಗುಟ್ಟಿದ ಹಾಗೆ. ಇವರದು ರಂಗದ ಮೇಲಿಂದ ಕೊನೆಯ ಸಾಲಿಗೆ ಮುಟ್ಟುವ ಕಂಠ. ಹಿನ್ನೆಲೆ ಗಾಯನ ಬರುವ ಮೊದಲು ನಮ್ಮ ನಾಟಕ ಕಂಪನಿಗಳ ನಟರೂ ಹೀಗೆಯೇ ಹಾಡಬೇಕಿತ್ತು, ನಿಮ್ಮಲ್ಲಿ ಹಿರಿಯರಿಗೆ ಆ ಕಂಠದ ಬಗೆ ಗೊತ್ತು.

ಮುಕ್‌ಡೆನ್ನಿನ ರೇಡಿಯೊ ಕೇಂದ್ರಕ್ಕೆ ಆಗ ಒಬ್ಬ ಹಾಡುಗಾರ್ತಿ ಬೇಕಿತ್ತು. ಚೀನೀ ಹುಡುಗಿಯಾಗಿರಬೇಕು, ಬೀಜಿಂಗಿನ ಮಾತು ಬರಬೇಕು, ಸ್ವರಲಿಪಿ ಓದಲು ಬರಬೇಕು, ಅಧಿಕಾರಿಗಳ ಮಾತು ತಿಳಿಯುವಷ್ಟು ಜಪಾನಿಯೂ ಬರಬೇಕು. ಎಲ್ಲ ಒಟ್ಟಿಗೆ ಇರುವವರು ಸಿಗಲಿಲ್ಲ. ಗುರುವಿನ ಗಾಯನ ಕಛೇರಿಯಲ್ಲಿ ಹಾಡಿದ್ದ ಯೋಶಿಕೊ ಅವರ ಕಣ್ಣಿಗೆ ಬಿದ್ದಳು. ಚೀನೀ ಆಗಿರಬೇಕೆಂಬ ಒಂದು ಷರತ್ತು ಬಿಟ್ಟರೆ ಉಳಿದೆಲ್ಲ ಅವಳಲ್ಲಿತ್ತು. ಆ ಒಂದು ಕೊರತೆಯನ್ನು ದತ್ತು ಮನೆಯ ಹೆಸರು ತುಂಬಿತು. ಹದಿಮೂರು ವರ್ಷದ ಹುಡುಗಿ ಲಿ ಷಿಯಾಂಗ್‌ಲಾನ್ ಎಂಬ ಹೆಸರಿನಲ್ಲಿ ಮಂಚೂರಿಯಾದ ಹೊಸ ಹಾಡುಗಳನ್ನು ಹಾಡತೊಡಗಿದಳು.

ಓದಿಗೆಂದು ಅವಳನ್ನು ಬೀಜಿಂಗಿಗೆ ಕಳಿಸಿದರು. ಅಲ್ಲಿ ತಂದೆಯ ಇನ್ನೊಬ್ಬ ಗೆಳೆಯ, ರಾಜಕಾರಣಿ ಪಾನ್ ಯುಗುಯಿ ಅವರ ಮನೆಯಲ್ಲಿ ವಾಸ. ಆ ಮನೆಯಲ್ಲಿ ಅವಳಿಗೆ ಇಟ್ಟ ಹೆಸರು ಪಾನ್ ಶುಹುವಾ. ಯೋಶಿಕೊ ಎಂದು ಬರೆಯುವಾಗ ಬರುವ ಮೊದಲ ಅಕ್ಷರವನ್ನೇ ಚೀನೀಯಲ್ಲಿ 'ಶು' ಎಂದು ಓದುತ್ತಾರೆ, ಹಾಗಾಗಿ ಹಳೆಯ ಹೆಸರಿನ ಒಂದು ಎಳೆ ಅದರಲ್ಲಿ ಉಳಿದಿತ್ತು. ಶಾಲೆಯಲ್ಲಿ ಎಲ್ಲರಿಗೂ ಅವಳು ಪಾನ್ ಮನೆಯ ಹುಡುಗಿ. ಗೆಳತಿಯರಿಗೆ ಅವಳು ಜಪಾನಿ ಎಂಬುದು ಗೊತ್ತಿಲ್ಲ.

ಈಗ ಹೇಳುವುದು ಅವರೇ ಆತ್ಮಕಥೆಯಲ್ಲಿ ಬರೆದ ಪ್ರಸಂಗ. ಇವತ್ತಿನ ಇಡೀ ಮಾತು ಇದರ ಸುತ್ತ ಸುತ್ತುತ್ತದೆ, ಸ್ವಲ್ಪ ನಿಧಾನವಾಗಿ ಹೇಳುತ್ತೇನೆ. 1935ರ ಡಿಸೆಂಬರ್ 9ರಂದು ಬೀಜಿಂಗಿನ ವಿದ್ಯಾರ್ಥಿಗಳು ಜಪಾನಿನ ವಿರುದ್ಧ ಬೀದಿಗಿಳಿದರು. ಅಲ್ಲಿಂದ ಮುಂದೆ ಶಾಲೆ ಕಾಲೇಜುಗಳಲ್ಲೆಲ್ಲ ಅದೇ ಮಾತು. ಒಂದು ದಿನ ಗೆಳತಿಯರು ಯೋಶಿಕೊಳನ್ನೂ ಒಂದು ಸಭೆಗೆ ಕರೆದುಕೊಂಡು ಹೋದರು. ಮುಂದಾಳು ಕೇಳಿದ: ಜಪಾನೀ ಸೈನ್ಯ ಬೀಜಿಂಗಿನ ಕೋಟೆ ದಾಟಿ ಒಳಗೆ ಬಂದರೆ ನೀವು ಏನು ಮಾಡುತ್ತೀರಿ? ಒಬ್ಬೊಬ್ಬರೇ ಎದ್ದು ಉತ್ತರ ಕೊಟ್ಟರು. ಸರ್ಕಾರದ ಸೈನ್ಯ ಸೇರುತ್ತೇನೆ ಎಂದರು ಕೆಲವರು, ಕಮ್ಯುನಿಸ್ಟರ ಕಡೆ ಹೋಗುತ್ತೇನೆ ಎಂದರು ಕೆಲವರು. ಸರದಿ ಅವಳವರೆಗೂ ಬಂತು. ಹದಿನಾರು ವರ್ಷದ ಹುಡುಗಿ ಹೇಳಿದಳು: ನಾನು ಕೋಟೆಗೋಡೆಯ ಮೇಲೆ ನಿಲ್ಲುತ್ತೇನೆ.

ಗೆಳತಿಯರಿಗೆ ಅದು ವೀರರ ಮಾತಾಗಿ ಕೇಳಿರಬೇಕು. ಅವಳ ಮನಸ್ಸಿನಲ್ಲಿದ್ದದ್ದು ಬೇರೆ ಲೆಕ್ಕ. ಗೋಡೆಯ ಮೇಲೆ ನಿಂತರೆ ಹೊರಗಿನಿಂದ ಜಪಾನೀ ಗುಂಡು ಬರುತ್ತದೆ, ಒಳಗಿನಿಂದ ಚೀನೀ ಗುಂಡು ಬರುತ್ತದೆ. ಯಾವುದು ತಗುಲಿದರೂ ತಾನೇ ಮೊದಲು ಸಾಯುತ್ತೇನೆ, ಯಾವ ಕಡೆ ಎಂದು ಆರಿಸುವ ಪ್ರಮೇಯ ಬರುವುದಿಲ್ಲ. ಎರಡು ಮನೆಯ ಅನ್ನ ಉಂಡ ಮಗು ಕಂಡುಕೊಂಡ ದಾರಿ ಅದು. ನಾನು ಈ ಪುಟವನ್ನು ಮತ್ತೆ ಮತ್ತೆ ಓದಿದ್ದೇನೆ, ಪ್ರತಿ ಸಲವೂ ಅದೇ ಸಾಲಿನಲ್ಲಿ ಗಂಟಲು ಕಟ್ಟುತ್ತದೆ.

1937ರ ಜುಲೈಯಲ್ಲಿ ಯುದ್ಧ ಶುರುವಾಯಿತು. ಅದೇ ವರ್ಷ ಮಂಚೂರಿಯಾದ ಹೊಸ ರಾಜಧಾನಿಯಲ್ಲಿ ಮಾನ್‌ಯೇ ಎಂಬ ಸಿನಿಮಾ ಸಂಸ್ಥೆ ಹುಟ್ಟಿತು. ಚೀನೀ ಜನರಿಗೆ ಜಪಾನಿನ ಆಳ್ವಿಕೆಯನ್ನು ಒಪ್ಪಿಸುವ ಚಿತ್ರಗಳನ್ನು ಮಾಡುವುದು ಅದರ ಉದ್ದೇಶ. ಹಾಡುವ ಕೆಲಸ ಮಾತ್ರ ಎಂದು ನಂಬಿಸಿ 1938ರಲ್ಲಿ ಯೋಶಿಕೊಳನ್ನು ಕರೆಸಿದರು. ಹೋಗಿ ನೋಡಿದರೆ ಮುಖಕ್ಕೆ ಬಣ್ಣ ಹಚ್ಚಿ ಕ್ಯಾಮೆರಾದ ಮುಂದೆ ನಿಲ್ಲಿಸಿದರು, ನಾಯಕಿಯನ್ನಾಗಿ. ಮರುವರ್ಷ ಸಂಸ್ಥೆಯ ಮುಖ್ಯಸ್ಥನಾಗಿ ಬಂದವನು ಅಮಕಾಸು ಮಸಾಹಿಕೊ. 1923ರಲ್ಲಿ ಮಿಲಿಟರಿ ಪೊಲೀಸ್ ಕ್ಯಾಪ್ಟನ್ ಆಗಿದ್ದಾಗ ಒಬ್ಬ ಅರಾಜಕತಾವಾದಿ ಚಿಂತಕ, ಆತನ ಸಂಗಾತಿ ಮತ್ತು ಆರು ವರ್ಷದ ಒಂದು ಮಗು, ಈ ಮೂವರ ಕೊಲೆಯಲ್ಲಿ ಶಿಕ್ಷೆಗೊಳಗಾಗಿದ್ದವನು. ಅಂಥವನ ಕೈಯಲ್ಲಿ ಒಂದು ಸಿನಿಮಾ ಸಂಸ್ಥೆ ಇತ್ತು.

ಪ್ರಚಾರದಲ್ಲಿ ರಿ ಕೋರಾನ್ ಅಪ್ಪಟ ಚೀನೀ ತಾರೆ, ಜಪಾನೀ ಮಾತು ಚೆನ್ನಾಗಿ ಬರುವ ಮಂಚೂರಿಯಾದ ಹೆಣ್ಣು. ಅದೇ 1938ರಲ್ಲಿ ಅವಳು ಮೊದಲ ಸಲ ಜಪಾನಿಗೆ ಹೋದಳು. ಕಾಣದ ತಾಯ್ನಾಡು, ಹದಿನೆಂಟು ವರ್ಷದ ಹುಡುಗಿಯ ಎದೆ ಹಿಗ್ಗಿತ್ತು. ಶಿಮೊನೊಸೆಕಿ ಬಂದರಿನಲ್ಲಿ ಅಧಿಕಾರಿ ಪಾಸ್‌ಪೋರ್ಟ್ ನೋಡಿದ. ಒಳಗಿದ್ದ ಹೆಸರು ಯಮಾಗುಚಿ ಯೋಶಿಕೊ, ಮೈಮೇಲಿದ್ದದ್ದು ಚೀನೀ ಉಡುಪು. ಮೊದಲ ದರ್ಜೆಯ ರಾಷ್ಟ್ರದ ಪ್ರಜೆಯಾಗಿ ಚೀನೀಯರ ಬಟ್ಟೆ ತೊಟ್ಟು ಅವರ ಮಾತು ಆಡುತ್ತೀಯಲ್ಲ, ನಾಚಿಕೆಯಾಗುವುದಿಲ್ಲವೇ ಎಂದು ಎಲ್ಲರೆದುರು ಗದರಿದ. ತಾಯ್ನಾಡು ಅವಳಿಗೆ ಆಡಿದ ಮೊದಲ ಮಾತು ಅದು.

1939, 40ರಲ್ಲಿ ಮೂರು ಚಿತ್ರಗಳು ಬಂದವು. ನಾಯಕ ಮೂರರಲ್ಲೂ ಹಸೆಗಾವಾ ಕಜುವೊ, ಆ ಕಾಲದ ಜಪಾನಿನ ಅತಿ ಸುಂದರ ನಟ. ಕಥೆಯ ಹಂದರ ಹೆಚ್ಚುಕಡಿಮೆ ಒಂದೇ: ಚೀನೀ ಹುಡುಗಿ, ಜಪಾನೀ ಗಂಡು. 'ಚೀನಾದ ರಾತ್ರಿ' ಚಿತ್ರವನ್ನೇ ತೆಗೆದುಕೊಳ್ಳಿ. ನಾಯಕಿ ಯುದ್ಧದಲ್ಲಿ ಮನೆ, ತಂದೆತಾಯಿ ಕಳೆದುಕೊಂಡವಳು, ಜಪಾನೀಯರನ್ನು ಕಂಡರೆ ಉರಿದುಬೀಳುತ್ತಾಳೆ. ನಾಯಕ ಹಡಗಿನ ಅಧಿಕಾರಿ, ಅವಳನ್ನು ಕಾಪಾಡಿ ತಂದು ಇಟ್ಟುಕೊಂಡಿದ್ದಾನೆ. ಅವಳ ಹಟ ಮಿತಿ ಮೀರಿದಾಗ ಕೆನ್ನೆಗೆ ಬಾರಿಸುತ್ತಾನೆ. ಅವಳು ಬೀಳುತ್ತಾಳೆ. ಎದ್ದವಳು ಕ್ಷಮೆ ಕೇಳುತ್ತಾಳೆ, ಆ ಏಟಿನಲ್ಲಿ ಅವನ ಪ್ರೀತಿ ಕಂಡೆನೆನ್ನುತ್ತಾಳೆ. ಜಪಾನಿನ ಪ್ರೇಕ್ಷಕರಿಗೆ ಅದು ಎದೆ ತುಂಬುವ ದೃಶ್ಯವಾಯಿತು. ಚೀನೀ ಪ್ರೇಕ್ಷಕರಿಗೆ ಅವಮಾನ ಎರಡು ಪಟ್ಟು: ಹೊಡೆಸಿಕೊಂಡದ್ದು ಒಂದು, ಹೊಡೆಸಿಕೊಂಡು ಮೆಚ್ಚಿದ್ದು ಇನ್ನೊಂದು. ಇದು ನನ್ನ ವ್ಯಾಖ್ಯಾನವೇನೂ ಅಲ್ಲ, ಯೋಶಿಕೊ ತಾವೇ ಮುಂದೆ ಹೀಗೆ ಬಿಡಿಸಿ ಹೇಳಿದರು. ಒಂದು ದೇಶ ಇನ್ನೊಂದನ್ನು ಹೊಡೆಯುತ್ತಿರುವಾಗ ಆ ಕೆನ್ನೆಯೇಟು ಇಬ್ಬರು ಪ್ರೇಮಿಗಳ ನಡುವಿನ ವಿಷಯವಾಗಿ ಉಳಿಯುವುದಿಲ್ಲ.

ಜನಪ್ರಿಯತೆ ಎಷ್ಟಿತ್ತೆಂದರೆ, 1941ರ ಫೆಬ್ರವರಿ 11, ಜಪಾನಿನ ರಾಷ್ಟ್ರ ಸಂಸ್ಥಾಪನಾ ದಿನ, ಟೋಕಿಯೊದ ನಿಚಿಗೆಕಿ ರಂಗಮಂದಿರದಲ್ಲಿ ಅವರ ಗಾಯನವಿತ್ತು. ಮಾರನೆಯ ದಿನ ಅವರಿಗೆ ಇಪ್ಪತ್ತೊಂದು ತುಂಬಬೇಕು. ಟಿಕೆಟಿಗೆ ನಿಂತ ಸಾಲು ಆ ಕಟ್ಟಡವನ್ನು ಏಳೂವರೆ ಸುತ್ತು ಸುತ್ತಿತ್ತು ಎನ್ನುವ ಮಾತು ಜಪಾನಿನಲ್ಲಿ ಗಾದೆಯ ಹಾಗೆ ಉಳಿದುಕೊಂಡಿದೆ. ಚದುರಿಸಲು ಪೊಲೀಸರು ನೀರಿನ ಕೊಳವೆ ಹಿಡಿಯಬೇಕಾಯಿತು. ಅಷ್ಟು ಜನ ಚೀನಾದ ಹೆಣ್ಣನ್ನು ಮೆಚ್ಚಿ ಬಂದವರು. ಅವರ ಅಣ್ಣತಮ್ಮಂದಿರು ಆಗ ಚೀನಾದಲ್ಲಿ ಏನು ಮಾಡುತ್ತಿದ್ದರು ಎಂಬುದು ಅವರಿಗೆ ಕಾಣದಂತೆ ಮಾಡುವುದೇ ಆ ಚಿತ್ರಗಳ ಕೆಲಸವಾಗಿತ್ತು.

ಇಲ್ಲಿ ಸ್ವಲ್ಪ ದಾರಿ ಬಿಟ್ಟು ಹೋಗುತ್ತೇನೆ. 1943ರಲ್ಲಿ ಅವರು ತೈವಾನಿನ ಬುಡಕಟ್ಟು ಹುಡುಗಿಯಾಗಿಯೂ ನಟಿಸಿದರು. ಅದೇ ಸುಮಾರಿಗೆ ಹಾರ್ಬಿನ್ ನಗರದಲ್ಲಿ 'ನನ್ನ ನೈಟಿಂಗೇಲ್' ಎಂಬ ಚಿತ್ರ ತಯಾರಾಯಿತು. ರಷ್ಯನ್ ಒಪೆರಾ ಗಾಯಕ ಸಾಕಿ ಬೆಳೆಸಿದ ಜಪಾನೀ ಹುಡುಗಿಯ ಕಥೆ. ಅದರಲ್ಲಿ ಅವರು ರಷ್ಯನ್ ಭಾಷೆಯಲ್ಲೇ ಹಾಡಿದರು. ಪೊದ್ರೆಸೋವರ ಶಿಷ್ಯೆಗೆ ತಕ್ಕ ಪಾತ್ರ ಇದ್ದದ್ದು ಇದೊಂದೇ ಎಂದು ನನಗನಿಸುತ್ತದೆ. ಆದರೆ ಯುದ್ಧಕ್ಕೆ ಉಪಯೋಗವಿಲ್ಲದ ಚಿತ್ರವೆಂದು ಅದನ್ನು ಆಗ ಬಿಡುಗಡೆಯನ್ನೇ ಮಾಡಲಿಲ್ಲ. ಸಾಮ್ರಾಜ್ಯದ ಮೂಲೆಮೂಲೆಯ ಹೆಣ್ಣಾಗಿ ನಟಿಸಿದವರನ್ನು ಅವರದೇ ಕಂಠದಲ್ಲಿ ಮಾತ್ರ ಯಾರೂ ನೋಡಲಿಲ್ಲ.

ಸರಿ, ಶಾಂಘೈಗೆ ಬರುತ್ತೇನೆ. ಚೀನೀಯರು ರಿ ಕೋರಾನಳನ್ನು ದ್ವೇಷಿಸಿದ್ದರೆ ಕಥೆ ಸುಲಭವಿತ್ತು. ಅವರು ಲಿ ಷಿಯಾಂಗ್‌ಲಾನಳನ್ನು ಪ್ರೀತಿಸಿದರು. 1943ರಲ್ಲಿ ಶಾಂಘೈಯಲ್ಲಿ ಅಫೀಮು ಯುದ್ಧದ ಕುರಿತು ಒಂದು ಚಿತ್ರ ಬಂತು. ಅಫೀಮು ನಾಶಮಾಡಿದ ಅಧಿಕಾರಿ ಲಿನ್ ಝೆಷು ಅದರ ನಾಯಕ. ಬ್ರಿಟಿಷರ ಮೇಲೆ ಸಿಟ್ಟು ಬರಲಿ ಎಂಬುದು ಜಪಾನೀಯರ ಲೆಕ್ಕ. ನೋಡಿದ ಚೀನೀಯರು ಅದನ್ನು ಹೊರಗಿನಿಂದ ಬಂದ ಯಾವುದೇ ಆಕ್ರಮಣಕಾರರ ವಿರುದ್ಧದ ಚಿತ್ರವಾಗಿ ಓದಿಕೊಂಡರು. ಅದರಲ್ಲಿ ಯೋಶಿಕೊ ಮಿಠಾಯಿ ಮಾರುವ ಹುಡುಗಿ. ಅಫೀಮಿನ ಅಡ್ಡೆಯೊಳಗೆ ಬುಟ್ಟಿ ಹಿಡಿದು ಬರುತ್ತಾಳೆ, ಅಮಲಿನಲ್ಲಿ ಬಿದ್ದವರ ನಡುವೆ ಮಿಠಾಯಿಯ ಹಾಡು ಹಾಡುತ್ತಾಳೆ, ಹಾಡು ಹೋಗುತ್ತಾ ಅಫೀಮು ಬಿಡಿ ಎನ್ನುವ ಕಡೆಗೆ ತಿರುಗುತ್ತದೆ. ಆ ಹಾಡು ಮನೆಮನೆಗೆ ಹೋಯಿತು. ಶಾಂಘೈಯ ಏಳು ಮಹಾ ಗಾಯಕಿಯರು ಎಂದು ಇವತ್ತಿಗೂ ಎಣಿಸುವ ಪಟ್ಟಿಯಲ್ಲಿ ಅವರ ಹೆಸರು ಸೇರಿದೆ. ಏಳರಲ್ಲಿ ಆರು ಮಂದಿ ಚೀನೀಯರು.

ಆ ಯಶಸ್ಸಿನ ನಂತರ ಬೀಜಿಂಗಿನಲ್ಲಿ ಪತ್ರಕರ್ತರ ಸಭೆ ನಡೆಯಿತು. ತಾನು ಜಪಾನಿ ಎಂದು ಅಲ್ಲಿ ಹೇಳಿಬಿಡಬೇಕೆಂದು ಯೋಶಿಕೊ ನಿರ್ಧರಿಸಿದ್ದರು. ಸಭೆ ಏರ್ಪಡಿಸಿದ ಚೀನೀ ಹಿರಿಯರೊಬ್ಬರು ತಂದೆಯ ಪರಿಚಯದವರು, ಅವರು ಬೇಡ ಎಂದು ತಡೆದರು. ಜನ ನಿಮ್ಮನ್ನು ತಮ್ಮವರೆಂದು ನಂಬಿದ್ದಾರೆ, ಆ ನಂಬಿಕೆ ಒಡೆಯಬೇಡಿ ಎಂದರು. ಸಭೆ ಮುಗಿಯುವ ಹೊತ್ತಿಗೆ ಒಬ್ಬ ಯುವ ಪತ್ರಕರ್ತ ಎದ್ದು ನಿಂತು ಕೇಳಿದ: ನೀವು ಚೀನೀಯರಾಗಿದ್ದೂ 'ಚೀನಾದ ರಾತ್ರಿ'ಯಂಥ ಚಿತ್ರಗಳಲ್ಲಿ ಹೇಗೆ ನಟಿಸಿದಿರಿ? ನಿಮ್ಮ ಸ್ವಾಭಿಮಾನ ಎಲ್ಲಿ ಹೋಗಿತ್ತು? ಯೋಶಿಕೊ ನೆಪ ಹೇಳಲಿಲ್ಲ. ಆಗ ವಯಸ್ಸು ಚಿಕ್ಕದು, ತಿಳಿವಳಿಕೆ ಇರಲಿಲ್ಲ, ಮಾಡಿದ್ದು ತಪ್ಪು, ಇನ್ನು ಅಂಥ ಚಿತ್ರದಲ್ಲಿ ನಟಿಸುವುದಿಲ್ಲ, ಕ್ಷಮಿಸಿ ಎಂದರು. ಸಭೆ ಚಪ್ಪಾಳೆ ತಟ್ಟಿತು. ಆ ಚಪ್ಪಾಳೆ ಅವರಿಗೆ ಎಷ್ಟು ಚುಚ್ಚಿರಬೇಕು, ಯೋಚಿಸಿ. ಪಶ್ಚಾತ್ತಾಪ ನಿಜವಾದದ್ದು, ಕ್ಷಮೆ ಪಡೆದದ್ದು ಮಾತ್ರ ಚೀನೀ ಹೆಣ್ಣೆಂಬ ಸುಳ್ಳಿನ ಮರೆಯಲ್ಲಿ.

1944ರಲ್ಲಿ ಅವರು ಅಮಕಾಸುವಿನ ಎದುರು ಹೋಗಿ ಮಾನ್‌ಯೇ ಒಪ್ಪಂದ ಮುಗಿಸಿಕೊಡಿ ಎಂದು ಕೇಳಿ ಹೊರಬಂದರು. ಅದೇ ವರ್ಷ 'ಯೆ ಲಾಯ್ ಷಿಯಾಂಗ್'. 1945ರ ಜೂನಿನಲ್ಲಿ ಶಾಂಘೈಯ ಗ್ರ್ಯಾಂಡ್ ಥಿಯೇಟರಿನಲ್ಲಿ ದೊಡ್ಡ ವಾದ್ಯಮೇಳದೊಂದಿಗೆ ಅವರ ಗಾಯನ ನಡೆಯಿತು. ಆ ಹಾಡನ್ನೇ ಹಿಗ್ಗಿಸಿ ಜಪಾನೀ ಸಂಯೋಜಕ ಹತ್ತೋರಿ ರಿಯೋಇಚಿ ಒಂದು ಪೂರ್ಣ ವಾದ್ಯರೂಪ ಕಟ್ಟಿದ್ದರು, ಒಳಗೆ ಬೂಗಿ ಎಂಬ ಅಮೆರಿಕದ ಕುಣಿತದ ಲಯ ಇಟ್ಟಿದ್ದರು. ಶತ್ರುದೇಶದ ಸಂಗೀತವೆಂದು ಜಪಾನಿನಲ್ಲಿ ನಿಷೇಧವಾಗಿದ್ದ ಲಯ ಅದು. ಎರಡು ತಿಂಗಳಿಗೆ ಜಪಾನ್ ಶರಣಾಯಿತು. ಅಮಕಾಸು ವಿಷ ಕುಡಿದು ಸತ್ತ.

ಶತ್ರುವಿಗೆ ನೆರವಾದ ಚೀನೀಯರನ್ನು ಚೀನಾದಲ್ಲಿ 'ಹಾನ್‌ಜಿಯಾನ್' ಎನ್ನುತ್ತಾರೆ. ಅದು ಬರಿಯ ಬೈಗುಳ ಅಲ್ಲ, ಮರಣದಂಡನೆಯವರೆಗೆ ಹೋಗುವ ಆರೋಪ. ಲಿ ಷಿಯಾಂಗ್‌ಲಾನ್ ಮೇಲೆ ಆ ಆರೋಪ ಬಂತು. ತಾನು ಜಪಾನಿ ಎಂದು ಅವರು ಹೇಳಿದರೆ ನಂಬುವವರು ಯಾರು? ಅಷ್ಟು ಚೆನ್ನಾದ ಚೀನೀ ಮಾತು, ಅಷ್ಟು ವರ್ಷಗಳ ಪ್ರಚಾರ. ಆಗ ಬಂದಳು ಲ್ಯೂಬಾ. ಅವಳ ಸಂಸಾರ ಈಗ ಸೋವಿಯತ್ ಕಡೆಯದು, ಓಡಾಡುವ ಸ್ವಾತಂತ್ರ್ಯ ಅವಳಿಗಿತ್ತು. ಬೀಜಿಂಗಿನಲ್ಲಿದ್ದ ಯೋಶಿಕೊಳ ತಂದೆತಾಯಿಯನ್ನು ಹುಡುಕಿದಳು. ಕೆಲವು ದಿನಗಳ ಮೇಲೆ ಶಾಂಘೈಗೆ ಒಂದು ಪೆಟ್ಟಿಗೆ ಬಂತು. ಒಳಗೆ ಒಂದು ಜಪಾನೀ ಬೊಂಬೆ, ಯೋಶಿಕೊ ಚಿಕ್ಕಂದಿನಿಂದ ಇಟ್ಟುಕೊಂಡಿದ್ದದ್ದು. ಬೊಂಬೆಯ ಸೊಂಟಕ್ಕೆ ಸುತ್ತಿದ ಪಟ್ಟಿಯ ಒಳಗೆ ಮಡಚಿಟ್ಟ ಒಂದು ಕಾಗದ. ಅದು ಜಪಾನಿನ ಕುಟುಂಬ ನೋಂದಣಿಯ ಪ್ರತಿ: ಯಮಾಗುಚಿ ಮನೆಯ ಮಗಳು ಯೋಶಿಕೊ.

ನ್ಯಾಯಾಲಯ ಅವರನ್ನು ಬಿಟ್ಟಿತು. ವಿದೇಶದವಳಿಗೆ ದೇಶದ್ರೋಹದ ಕಾನೂನು ಅನ್ವಯಿಸುವುದಿಲ್ಲ. ಆದರೆ ಚೀನೀ ಹೆಸರಿನಲ್ಲಿ ಅಂಥ ಚಿತ್ರಗಳಲ್ಲಿ ನಟಿಸಿದ್ದರಲ್ಲಿ ನೈತಿಕ ಪ್ರಶ್ನೆ ಉಳಿಯುತ್ತದೆ ಎಂದು ನ್ಯಾಯಾಧೀಶರು ಹೇಳಿದರು. ಅವರು ತಲೆಬಾಗಿ ಕ್ಷಮೆ ಕೇಳಿದರು, ಈ ಸಲ ಯಮಾಗುಚಿ ಯೋಶಿಕೊ ಆಗಿ.

ಆ ಕಾಗದದ ಬೆಲೆ ತಿಳಿಯಬೇಕಾದರೆ ಇನ್ನೊಬ್ಬ ಯೋಶಿಕೊಳನ್ನು ನೋಡಬೇಕು. ಕವಾಶಿಮಾ ಯೋಶಿಕೊ ಮಂಚು ರಾಜಮನೆತನದಲ್ಲಿ ಹುಟ್ಟಿ ಜಪಾನೀ ಮನೆಯಲ್ಲಿ ದತ್ತಾಗಿ ಬೆಳೆದವಳು, ಜಪಾನಿಗಾಗಿ ಗೂಢಚಾರಿಕೆ ಮಾಡಿದ ಆರೋಪ ಹೊತ್ತವಳು. ಇಬ್ಬರಿಗೂ ಪರಿಚಯವಿತ್ತು. ಅವಳ ಸಾಕುತಂದೆ ನೋಂದಣಿಯಲ್ಲಿ ಅವಳ ಹೆಸರು ಸೇರಿಸಿರಲಿಲ್ಲ. ತೋರಿಸಲು ಕಾಗದವಿಲ್ಲ. 1948ರ ಮಾರ್ಚಿನಲ್ಲಿ ಬೀಜಿಂಗಿನಲ್ಲಿ ಅವಳನ್ನು ಗುಂಡಿಟ್ಟು ಕೊಂದರು.

1946ರ ವಸಂತದಲ್ಲಿ ಯಮಾಗುಚಿ ಹಡಗು ಹತ್ತಿದರು. ಅದಕ್ಕೂ ಮೊದಲು ಒಂದು ಸಲ ಬಂದರಿನಲ್ಲಿ ತಪಾಸಣೆಯವರು ಲಿ ಷಿಯಾಂಗ್‌ಲಾನ್ ಎಂದು ಗುರುತು ಹಿಡಿದು ಹಿಂದಕ್ಕೆ ಕಳಿಸಿದ್ದರು. ಎರಡನೆಯ ಸಲ ಹಡಗು ಹೊರಟಿತು. ಶಾಂಘೈಯ ಕಟ್ಟಡಗಳು ದೂರವಾಗುತ್ತಿದ್ದಾಗ ಹಡಗಿನ ರೇಡಿಯೊದಲ್ಲಿ ಊರಿನ ಕೇಂದ್ರದಿಂದ ಒಂದು ಹಾಡು ಬಂತು, 'ಯೆ ಲಾಯ್ ಷಿಯಾಂಗ್', ಅವರದೇ ದನಿ.

ಮುಂದಿನ ವರ್ಷಗಳನ್ನು ಸ್ವಲ್ಪ ಬೇಗ ಹೇಳುತ್ತೇನೆ, ಒಂದು ಚಿತ್ರವನ್ನು ಬಿಟ್ಟು. ಜಪಾನಿನಲ್ಲಿ 1950ರಲ್ಲಿ ನಿರ್ದೇಶಕ ಕುರೊಸಾವಾ ಅವರ 'ಹಗರಣ' ಚಿತ್ರದಲ್ಲಿ ಮಿಫುನೆ ತೊಶಿರೊ ಎದುರು ನಟಿಸಿದರು. ಪತ್ರಿಕೆಯೊಂದು ಸುಳ್ಳು ಪ್ರೇಮಕಥೆ ಕಟ್ಟಿ ಹೆಸರು ಕೆಡಿಸುವ ಗಾಯಕಿಯ ಪಾತ್ರ. ಅದೇ ವರ್ಷದ ಇನ್ನೊಂದು ಚಿತ್ರ 'ಬೆಳಗಿನ ಜಾವದ ಪಲಾಯನ'. ನಾನು ನಿಲ್ಲಬೇಕೆಂದಿರುವುದು ಇಲ್ಲಿ. ಅದಕ್ಕೆ ಆಧಾರ ತಮುರಾ ತೈಜಿರೊ ಎಂಬ ಮಾಜಿ ಸೈನಿಕನ ಕಾದಂಬರಿ. ಕಾದಂಬರಿಯ ನಾಯಕಿ ಕೊರಿಯಾದ ಹೆಣ್ಣು, ಚೀನಾದ ರಣರಂಗದಲ್ಲಿ ಜಪಾನೀ ಸೈನಿಕರಿಗಾಗಿ ಇಟ್ಟ ವೇಶ್ಯಾಗೃಹದಲ್ಲಿ ಸಿಕ್ಕಿಬಿದ್ದವಳು. ಯುದ್ಧದ ನಂತರ ಜಪಾನನ್ನು ಆಳುತ್ತಿದ್ದ ಅಮೆರಿಕದ ಆಡಳಿತದ ಸೆನ್ಸಾರಿನಲ್ಲಿ ಚಿತ್ರಕಥೆ ಮತ್ತೆ ಮತ್ತೆ ತಿದ್ದುಪಡಿಯಾಗಿ, ಪರದೆಗೆ ಬರುವ ಹೊತ್ತಿಗೆ ಅವಳು ಸೈನಿಕರ ಮನರಂಜನೆಗೆ ಬಂದ ಜಪಾನೀ ಹಾಡುಗಾರ್ತಿಯಾಗಿದ್ದಳು. ಕೊರಿಯಾದ ಹೆಣ್ಣು ಕಥೆಯಿಂದಲೇ ಮಾಯ. ಜಪಾನಿಯೊಬ್ಬಳು ಚೀನೀಯಳಾಗಿ ನಟಿಸಿದ್ದ ಹತ್ತು ವರ್ಷದ ಮೇಲೆ, ಈ ಸಲ ಅಳಿಸಿಹೋದ ಕೊರಿಯನ್ ಹೆಣ್ಣಿನ ಜಾಗದಲ್ಲಿ ಅದೇ ನಟಿ ನಿಂತಿದ್ದರು. ಇದು ಅವರಿಗೆ ಮರೆತುಹೋಗಲಿಲ್ಲ ಎಂದು ನಾನು ನಂಬುತ್ತೇನೆ. ಏಕೆಂದು ಮುಂದೆ ಹೇಳುತ್ತೇನೆ.

ಹಾಲಿವುಡ್ಡಿನಲ್ಲಿ ಅವರು ಶರ್ಲಿ ಯಮಾಗುಚಿ. 1952ರಲ್ಲಿ ಕಿಂಗ್ ವಿಡೋರ್ ಅವರ ಚಿತ್ರದಲ್ಲಿ ಅಮೆರಿಕದ ಸೈನಿಕನನ್ನು ಮದುವೆಯಾಗಿ ಹೋಗುವ ಜಪಾನೀ ವಧು, 1955ರಲ್ಲಿ ಸ್ಯಾಮ್ಯುಯೆಲ್ ಫುಲ್ಲರ್ ಅವರ ಚಿತ್ರದಲ್ಲಿ ಟೋಕಿಯೊದ ವಿಧವೆ. ಗಮನಿಸಿ, ಗೆದ್ದ ದೇಶದ ಗಂಡು, ಸೋತ ದೇಶದ ಹೆಣ್ಣು, ಹಂದರ ಅದೇ. ಬ್ರಾಡ್‌ವೇಯಲ್ಲಿ 1956ರಲ್ಲಿ ಮಾಡಿದ ಸಂಗೀತ ನಾಟಕ 21 ಪ್ರದರ್ಶನಕ್ಕೆ ನಿಂತುಹೋಯಿತು. 1951ರಲ್ಲಿ ಶಿಲ್ಪಿ ಇಸಾಮು ನೊಗುಚಿ ಅವರನ್ನು ಮದುವೆಯಾಗಿದ್ದರು. ತಂದೆ ಜಪಾನಿ, ತಾಯಿ ಅಮೆರಿಕನ್, ಆತನೂ ಎರಡು ದೇಶದ ನಡುವೆ ನಿಂತ ಮನುಷ್ಯ. ಕಮ್ಯುನಿಸ್ಟರ ನಂಟಿದೆಯೆಂಬ ಅನುಮಾನದ ಮೇಲೆ ಅಮೆರಿಕ ಯೋಶಿಕೊಗೆ ವೀಸಾ ತಡೆಹಿಡಿದ ಕಾಲವೂ ಇತ್ತು. ಮದುವೆ ಐದಾರು ವರ್ಷಕ್ಕೆ ಮುಗಿಯಿತು. ಹಾಂಗ್‌ಕಾಂಗ್ ಮಾತ್ರ ಹಳೆಯ ಹೆಸರಿನಿಂದಲೇ ಅವರನ್ನು ಕರೆಯಿತು, ಅಲ್ಲಿ ಚಿತ್ರಗಳನ್ನು ಮಾಡಿದರು, ಚೀನೀಯಲ್ಲಿ ಮತ್ತೆ ಹಾಡಿದರು. 1958ರಲ್ಲಿ ರಾಜತಾಂತ್ರಿಕ ಓತಾಕಾ ಹಿರೋಶಿ ಅವರನ್ನು ಮದುವೆಯಾಗಿ ಸಿನಿಮಾ ಬಿಟ್ಟರು. ಆಗ ಅವರಿಗೆ ಮೂವತ್ತೆಂಟು.

ಬಹುಪಾಲು ತಾರೆಯರ ಕಥೆ ಇಲ್ಲಿಗೆ ಮುಗಿಯುತ್ತದೆ. 1969ರಲ್ಲಿ ಅವರು ಮಧ್ಯಾಹ್ನ ಮೂರು ಗಂಟೆಯ ಒಂದು ಟಿವಿ ಕಾರ್ಯಕ್ರಮದ ನಿರೂಪಕಿಯಾದರು. ಗೃಹಿಣಿಯರು ನೋಡುವ ಹೊತ್ತು ಅದು. ಆ ಹೊತ್ತಿಗೆ ಅವರು ವಿಯೆಟ್ನಾಮಿನಿಂದ, ಪ್ಯಾಲೆಸ್ಟೀನಿನಿಂದ ವರದಿ ತಂದರು. ನಿರಾಶ್ರಿತರ ಶಿಬಿರದ ಹೆಂಗಸರು, ಮಕ್ಕಳು ಜಪಾನಿನ ಮನೆಗಳ ಒಳಗೆ ಕಾಣಿಸಿಕೊಂಡರು. ಮನೆ ಕಳೆದುಕೊಂಡವರ ಎದುರು ಮೈಕು ಹಿಡಿದು ಕೂತು ಕೇಳಿಸಿಕೊಂಡದ್ದು ಒಂದು ಕಾಲದಲ್ಲಿ ಮನೆ ಕಳೆದುಕೊಂಡ ಹುಡುಗಿಯ ಪಾತ್ರ ಮಾಡಿ ಸುಳ್ಳು ಹೇಳಿದವರು. 1974ರಲ್ಲಿ ಜಪಾನಿನ ಸಂಸತ್ತಿನ ಮೇಲ್ಮನೆಗೆ ಆಯ್ಕೆಯಾದರು, ಓತಾಕಾ ಯೋಶಿಕೊ ಎಂಬ ಹೆಸರಿನಲ್ಲಿ, ಆಳುವ ಪಕ್ಷದಿಂದ. 1992ರವರೆಗೆ, ಹದಿನೆಂಟು ವರ್ಷ ಸದಸ್ಯರಾಗಿದ್ದರು.

1987ರಲ್ಲಿ ಪತ್ರಕರ್ತ ಫುಜಿವಾರಾ ಸಾಕುಯಾ ಅವರ ಜತೆ ಸೇರಿ ಆತ್ಮಕಥೆ ಬರೆದರು. ನನಗೆ ಅವರ ಮೇಲೆ ಗೌರವ ಹುಟ್ಟಿದ್ದು ಹಾಡಿನಿಂದಲ್ಲ, ಆ ಪುಸ್ತಕದಿಂದ. ಚಿಕ್ಕ ವಯಸ್ಸು, ಅಪ್ಪನ ಕೆಲಸ, ಕಂಪನಿಯ ಒಪ್ಪಂದ, ಯುದ್ಧದ ಕಾಲ: ಹೇಳಿಕೊಳ್ಳಲು ನೆಪಗಳು ಬೇಕಾದಷ್ಟಿದ್ದವು, ಎಲ್ಲವೂ ನಿಜವೇ. ಹಾಡುವವರಿಗೂ ರಾಜಕೀಯಕ್ಕೂ ಏನು ಸಂಬಂಧ ಎಂದು ನಾವು ಎಷ್ಟು ಸುಲಭವಾಗಿ ಹೇಳಿಬಿಡುತ್ತೇವೆ. ಅವರು ಹಾಗೆ ಹೇಳಲಿಲ್ಲ. ಕೆನ್ನೆಯೇಟಿನ ದೃಶ್ಯವನ್ನು ತಾವೇ ಎತ್ತಿಕೊಂಡು, ಅದು ಚೀನೀ ಕಣ್ಣಿಗೆ ಹೇಗೆ ಕಾಣುತ್ತದೆಂದು ತಮ್ಮ ದೇಶದವರಿಗೆ ವಿವರಿಸಿದರು. ತಮ್ಮ ಅತ್ಯಂತ ಜನಪ್ರಿಯ ಚಿತ್ರವನ್ನು ಹೀಗೆ ಬಿಚ್ಚಿಟ್ಟ ಇನ್ನೊಬ್ಬ ನಟಿಯನ್ನು ನಾನು ಕಂಡಿಲ್ಲ.

ಪುಸ್ತಕಕ್ಕೆ ನಿಲ್ಲಲಿಲ್ಲ. ಯುದ್ಧಕಾಲದಲ್ಲಿ ಸೈನಿಕರ ಲೈಂಗಿಕ ಗುಲಾಮಗಿರಿಗೆ ತಳ್ಳಲ್ಪಟ್ಟ ಹೆಂಗಸರಿಗಾಗಿ 1995ರಲ್ಲಿ ಜಪಾನಿನಲ್ಲಿ ಏಷ್ಯಾ ಮಹಿಳಾ ನಿಧಿ ಶುರುವಾದಾಗ ಅದರ ಉಪಾಧ್ಯಕ್ಷರಾಗಿ ಕೆಲಸ ಮಾಡಿದರು. ಈ ನಿಧಿಯ ಬಗ್ಗೆ ಕೊರಿಯಾದಲ್ಲಿ ತೀವ್ರ ವಿರೋಧವಿತ್ತು. ಸರ್ಕಾರ ನೇರವಾಗಿ ಪರಿಹಾರ ಕೊಡದೆ ಜನರ ದೇಣಿಗೆಯ ಹಿಂದೆ ನಿಂತಿತು ಎಂಬ ಆಕ್ಷೇಪ, ಅದು ನ್ಯಾಯವಾದದ್ದು ಎಂದೇ ನನ್ನ ಅಭಿಪ್ರಾಯ. ಆದರೂ ಎಪ್ಪತ್ತೈದು ವಯಸ್ಸಿನ ಯೋಶಿಕೊ ಆ ಕೆಲಸಕ್ಕೆ ಏಕೆ ಹೋದರೆಂದು ಕೇಳಿದರೆ, 1950ರ ಆ ಚಿತ್ರದಿಂದ ಮಾಯವಾದ ಕೊರಿಯಾದ ಹೆಣ್ಣು ನನ್ನ ಕಣ್ಣ ಮುಂದೆ ಬರುತ್ತಾಳೆ. 2005ರಲ್ಲಿ, ಯುದ್ಧಾಪರಾಧಿಗಳನ್ನೂ ಸೇರಿಸಿ ಪೂಜಿಸುವ ಯಸುಕುನಿ ಗುಡಿಗೆ ಪ್ರಧಾನಿ ಕೊಯಿಜುಮಿ ಹೋಗುತ್ತಿದ್ದಾಗ, ಹೋಗಬೇಡಿ, ಚೀನಾದ ಜನರ ಮನಸ್ಸಿಗೆ ಅದು ಗಾಯ ಮಾಡುತ್ತದೆ ಎಂದು ಬರೆದರು. ಕೊಯಿಜುಮಿ ಅವರದೇ ಪಕ್ಷದವರು.

2014ರ ಸೆಪ್ಟೆಂಬರ್ 7ರಂದು, ತೊಂಬತ್ತನಾಲ್ಕನೆಯ ವಯಸ್ಸಿನಲ್ಲಿ ಟೋಕಿಯೊದಲ್ಲಿ ತೀರಿಕೊಂಡರು. ಚೀನಾದ ವಿದೇಶಾಂಗ ಇಲಾಖೆ ಸಂತಾಪ ಸೂಚಿಸಿತು. ಆಗ ಎರಡು ದೇಶಗಳ ಸಂಬಂಧ ಬಹಳ ಕೆಟ್ಟಿದ್ದ ಕಾಲ.

ಸಭೆಗೆ ಮುಂಚೆ ಒಬ್ಬ ಹುಡುಗಿ ನನ್ನನ್ನು ಕೇಳಿದಳು: ಇಷ್ಟೆಲ್ಲ ಗೊತ್ತಾದ ಮೇಲೆ ಹಾಡು ಕೇಳಲು ಮನಸ್ಸಾಗುತ್ತದೆಯೇ ಸರ್? ನನಗೆ ಆಗುತ್ತದಮ್ಮ. ಆದರೆ ಮೊದಲಿನ ಹಾಗೆ ಕಣ್ಣು ಮುಚ್ಚಿಕೊಂಡು ಕೇಳಲು ಆಗುವುದಿಲ್ಲ. ಅದಕ್ಕೇ ಇನ್ನೊಂದು ಹಾಡು ತಂದಿದ್ದೇನೆ, 'ಸುಝೌ ರಾತ್ರಿಗೀತೆ'. ಸಾಹಿತ್ಯ ಸೈಜೊ ಯಾಸೊ, ಸಂಗೀತ ಅದೇ ಹತ್ತೋರಿ. ಆ ಕಾಲದ ಅನೇಕ ಜಪಾನೀ ಹಾಡುಗಳು ಮ ಮತ್ತು ನಿ ಬಿಟ್ಟ ಐದು ಸ್ವರಗಳ ಮೇಲೆ ನಿಂತಿವೆ, ನಮ್ಮ ಮೋಹನ ರಾಗದ ಸ್ವರಗಳು ಅವು. ಇದೂ ಆ ಜಾತಿಯದೇ, ಹಾಗಾಗಿ ನಿಮ್ಮ ಕಿವಿಗೆ ಹೊಸದೆನಿಸುವುದಿಲ್ಲ. ದೋಣಿ, ಕಾಲುವೆ, ಬೆಳದಿಂಗಳು, ಪ್ರಿಯನ ಎದೆಗೆ ಒರಗಿದ ಹೆಣ್ಣು. ಇದು 'ಚೀನಾದ ರಾತ್ರಿ' ಚಿತ್ರದ ಹಾಡು. ಆ ಕೆನ್ನೆಯೇಟು ಇರುವ ಚಿತ್ರದ್ದೇ. ಈಗ ಹಾಕಿ, ಕೇಳೋಣ.